ಇಂಟರ್‌ವಲ್ಲಣ್ಣ ಈ ಸಲ ಸಾಯ್ತಾನೋ ಇಲ್ವೋ

ಹೆಂಡತಿ: ಅದೆಲ್ಲ ಆಮೇಲೆ. ಮೊದಲು ಇದೊಂದು ಹೇಳಿ. ಸಾಯ್ತೀರೋ ಇಲ್ವೋ?

ಗಂಡ: ಹೊರಡೋ ಹೊತ್ತಲ್ಲಿ ಎಂಥ ಮಾತಾಡ್ತೀಯ ಕಣೇ.

ಹೆಂಡತಿ: ಹೊರಡೋಕೆ ಮುಂಚೇನೇ ಕೇಳ್ಬೇಕು. ಅಲ್ಲಿ ಹೋಗಿ ಕೂತ ಮೇಲೆ ನೀವು ಸತ್ರೆ ನಾನು ಯಾರನ್ನ ಕೇಳ್ಲಿ?

ಗಂಡ: ಈ ಸಲ ಸಾಯಲ್ಲ ಅಂತ ಬೆಳಗ್ಗೆಯಿಂದ ಬಡ್ಕೋತಾ ಇದೀನಿ.

ಹೆಂಡತಿ: ದೋಣಿ ಪಿಕ್ಚರ್ ಟೈಮಲ್ಲೂ ಹೀಗೇ ಬಡ್ಕೊಂಡ್ರಿ.

ಓದುವವರು ಗಾಬರಿಬೀಳಬೇಕಾಗಿಲ್ಲ. ಗಂಡನಿಗೆ ಯಾವ ರೋಗವೂ ಇಲ್ಲ. ಮಂಡಿ ಬಗ್ಗುವುದಿಲ್ಲ ಅನ್ನುವುದೊಂದು ಬಿಟ್ಟರೆ ಆಸಾಮಿ ಗಟ್ಟಿಮುಟ್ಟಾಗಿಯೇ ಇದ್ದಾನೆ. ಆ ಬಗ್ಗದ ಮಂಡಿಯ ಕಾಲನ್ನೇ ಈಗ ಹೆಂಡತಿ ತೊಡೆಯ ಮೇಲಿಟ್ಟುಕೊಂಡು ಕಾಲುಚೀಲ ಹಾಕಲು ಕೂತಿದ್ದಾಳೆ. ಒಂದು ಕಾಲಿನದು ಆಗಿದೆ. ಇನ್ನೊಂದನ್ನು ಒತ್ತೆ ಇಟ್ಟುಕೊಂಡು ವಿಚಾರಣೆ ನಡೆಸಿದ್ದಾಳೆ. ಉತ್ತರ ಸಿಗುವ ತನಕ ಆ ಕಾಲಿಗೆ ಬರಿಗಾಲೇ ಗತಿ.

ಸಾಯುವುದು ಈ ಆಸಾಮಿಯ ಕಸುಬು. ಸಿನಿಮಾದಲ್ಲಿ ನಾಯಕನ ಅಪ್ಪ, ನಾಯಕನ ಮೇಷ್ಟ್ರು, ಕೊಲೆ ಕಂಡ ಕಾವಲುಗಾರ, ಸಾಕ್ಷಿ ಹೇಳಲು ಹೊರಟ ವಕೀಲ, ಯಾರು ಸತ್ತರೆ ನಾಯಕನಿಗೆ ಸಿಟ್ಟು ಬರುತ್ತದೋ ಅವರೆಲ್ಲ ಇವನೇ. ಇವನು ಸತ್ತರೆ ನಾಯಕನಿಗೆ ಸಿಟ್ಟು, ನಾಯಕನಿಗೆ ಸಿಟ್ಟು ಬಂದರೆ ಕಥೆಗೆ ಓಟ. ಹೀಗೆ ಇಡೀ ಚಿತ್ರರಂಗದ ಸಿಟ್ಟಿಗೆ ಬಂಡವಾಳ ಹಾಕಿದ ಪುಣ್ಯಾತ್ಮ. ಪ್ರಾಣ ಹೋಗುವುದು ಯಾವಾಗಲೂ ಇಂಟರ್‌ವಲ್ಲಿಗೆ ಮುಂಚೆ. ಇಂಟರ್‌ವಲ್ಲಾದ ಮೇಲೆ ಇವನು ಕಂಡದ್ದೇ ಆದರೆ ಅದು ಗೋಡೆಯ ಮೇಲಿನ ಫೋಟೋದಲ್ಲಿ. ಹೀಗಾಗಿ ಚಿತ್ರರಂಗದವರು ಇಂಟರ್‌ವಲ್ಲಣ್ಣ ಅಂತ ಹೆಸರಿಟ್ಟರು. ನಿಜವಾದ ಹೆಸರು ಬ್ಯಾಂಕಿನವರಿಗೆ ಮಾತ್ರ ಗೊತ್ತು.

ತಲೆ ನೆರೆತು ಮಂಡಿ ಹಿಡಿದುಕೊಂಡ ಮೇಲೆ ಆ ಕೆಲಸವೂ ತಪ್ಪಿತು. ನೆಟ್ಟಗೆ ಬೀಳಲಾರದವನನ್ನು ಯಾರು ತಾನೇ ಕೊಲ್ಲುತ್ತಾರೆ? ಮನೆಯಲ್ಲಿ ಕೂತು ಪೇಪರು ಮಡಚಿ ಬಿಚ್ಚಿ ಮಾಡುತ್ತಿದ್ದವನನ್ನು ಒಂದು ದಿನ ಕ್ಯಾನ್ವಾಸ್ ಶೂ ಹಾಕಿಕೊಂಡ ಹುಡುಗಿಯೊಬ್ಬಳು ಹುಡುಕಿಕೊಂಡು ಬಂದಳು. ತಾನು ನಿರ್ದೇಶಕಿ, ಯಾವ ದೊಡ್ಡ ಕಂಪನಿಯ ಹಂಗೂ ಇಲ್ಲದೆ ಗೆಳೆಯರೆಲ್ಲ ಸೇರಿ ಚಿಕ್ಕದೊಂದು ಸಿನಿಮಾ ಮಾಡುತ್ತಿದ್ದೇವೆ, ಅದಕ್ಕೆ ನೀವೇ ನಾಯಕ ಅಂದಳು. ನಾಯಕನ ಅಪ್ಪನಾ ಅಂತ ಇಂಟರ್‌ವಲ್ಲಣ್ಣ ತಿರುಗಿ ತಿರುಗಿ ಕೇಳಿದ. ಅಲ್ಲ, ನಾಯಕನೇ. ಹಳೇ ಕಟ್ಟಡವೊಂದರ ಲಿಫ್ಟ್ ನಡೆಸುವ ಮುದುಕ. ಲಿಫ್ಟ್ ಕೆಟ್ಟು ನಿಂತಿದೆ, ಇವನ ಕೆಲಸವೂ ಹೋಗಿದೆ, ಆದರೂ ದಿನಾ ಬಂದು ಆ ನಿಂತ ಲಿಫ್ಟಿನೊಳಗೆ ಸ್ಟೂಲು ಹಾಕಿಕೊಂಡು ಕೂರುತ್ತಾನೆ. ಅಷ್ಟೇ ಕಥೆ.

ಆ ಅಷ್ಟೇ ಕಥೆ ಸಮುದ್ರ ದಾಟಿ ಹೋಗಿ, ಅಲ್ಲಿಯ ಸಿನಿಮಾ ಪಂಡಿತರನ್ನೆಲ್ಲ ಅಳಿಸಿ, ಇಂಟರ್‌ವಲ್ಲಣ್ಣನಿಗೆ ಶ್ರೇಷ್ಠ ನಟ ಅಂತ ಪ್ರಶಸ್ತಿ ಹೊತ್ತುಕೊಂಡು ಬಂತು. ಮಂಡಿಯ ದೆಸೆಯಿಂದ ಅವನಿಗೆ ಹೋಗಲಾಗಿರಲಿಲ್ಲ. ಪ್ರಶಸ್ತಿ ಗಾಜಿನದು. ಯಾವ ಕಡೆ ಮೇಲು, ಯಾವ ಕಡೆ ಕೆಳಗು ಎಂದು ಗೊತ್ತಾಗದೆ ಟಿವಿ ಪಕ್ಕದಲ್ಲಿ ಮಲಗಿಸಿ ಇಟ್ಟಿದ್ದರು. ಈಗ ಅವನದೇ ಊರಿನಲ್ಲಿ, ಇವತ್ತು ಮಧ್ಯಾಹ್ನ, ಮೊದಲ ಪ್ರದರ್ಶನ. ಅವನೂ ನೋಡುವುದು ಇದೇ ಮೊದಲು.

ಅವನಿಗೆ ಬೇಕಾಗಿದ್ದದ್ದು ಒಂದೇ. ಪಕ್ಕದ ಸೀಟಿನಲ್ಲಿ ಹೆಂಡತಿ ಕೂತಿರಬೇಕು. ಮದುವೆಯಾದ ಹೊಸದರಲ್ಲಿ ಒಂದೇ ಒಂದು ಸಲ ಬಂದವಳು ಆಮೇಲೆ ಅವನ ಯಾವ ಸಿನಿಮಾಕ್ಕೂ ಕಾಲಿಟ್ಟಿರಲಿಲ್ಲ. ತನ್ನ ಪಾತ್ರಗಳು ಚಿಲ್ಲರೆ, ಅದಕ್ಕೇ ಅವಳಿಗೆ ನಾಚಿಕೆ ಅಂತ ಅವನು ಮನಸ್ಸಿನಲ್ಲೇ ತೀರ್ಮಾನ ಮಾಡಿಕೊಂಡಿದ್ದ. ಕೇಳಿದ್ದರೆ ಗೊತ್ತಾಗುತ್ತಿತ್ತು. ಆದರೆ ಇಂಥದ್ದನ್ನೆಲ್ಲ ಹೆಂಡತಿಯನ್ನು ಕೇಳಿ ತಿಳಿದುಕೊಳ್ಳುವ ಗಂಡ ಇನ್ನೂ ಹುಟ್ಟಬೇಕು.

ಗಂಡ: ದೋಣಿ ಪಿಕ್ಚರ್ ವಿಷಯ ನಿನಗೆ ಹೇಗೆ ಗೊತ್ತು? ನೀನು ಬಂದೇ ಇಲ್ವಲ್ಲ.

ಹೆಂಡತಿ: ನಾನು ಬರ್ಲಿಲ್ಲ. ನನ್ನ ತಂಗಿನ ಕಳಿಸ್ತಿದ್ದೆ.

ಗಂಡ: ನಿನ್ನ ತಂಗಿನಾ?

ಹೆಂಡತಿ: ಮೊದಲ ದಿನಾನೇ ಹೋಗಿ ನೋಡ್ಕೊಂಡು ಬಾ, ಭಾವ ಉಳಿದ್ರೆ ಹೇಳು, ನಾನೂ ಹೋಗ್ತೀನಿ ಅಂತ. ಬಂದು ಬಾಗಿಲಲ್ಲಿ ನಿಂತ್ಕೊಂಡು ತಲೆ ಅಲ್ಲಾಡಿಸೋಳು. ನನಗೆ ಅಲ್ಲೇ ಗೊತ್ತಾಗೋದು.

ಗಂಡ: ಎಲ್ಲ ಪಿಕ್ಚರಿಗೂ?

ಹೆಂಡತಿ: ಎಲ್ಲದಕ್ಕೂ. ದೋಣಿದಕ್ಕೆ ಹಾಡಿನ ತನಕ ಇರ್ತೀನಿ ಅಂದಿದ್ರಿ. ಅವಳು ಸೀಟು ಹುಡುಕಿ ಕೂರೋ ಅಷ್ಟರಲ್ಲಿ ನೀವು ನೀರಿನ ಮೇಲೆ ತೇಲ್ತಾ ಇದ್ರಂತೆ.

ಗಂಡ: ಆ ಜೈಲು ಪಿಕ್ಚರಲ್ಲಿ ಸಾಯ್ಲಿಲ್ಲ. ಆಣೆ ಮಾಡಿ ಹೇಳ್ತೀನಿ. ಶೂಟಿಂಗಲ್ಲಿ ಬದುಕೇ ಇದ್ದೆ. ಆಮೇಲೆ ಅವರೇ ಎಡಿಟಿಂಗಲ್ಲಿ ಸಾಯ್ಸಿದ್ರು.

ಹೆಂಡತಿ: ಗೊತ್ತು. ನಾಯಕ ಬಂದು 'ಅಪ್ಪ ಜೈಲಲ್ಲೇ ಹೋಗ್ಬಿಟ್ರು' ಅಂದ್ನಂತೆ. ಒಂದೇ ಮಾತು. ಹೆಣ ಕೂಡ ತೋರಿಸ್ಲಿಲ್ವಂತೆ. ನನ್ನ ತಂಗಿ ಅದಕ್ಕೂ ಅತ್ಕೊಂಡು ಬಂದಿದ್ಲು.

ಇಂಟರ್‌ವಲ್ಲಣ್ಣ, ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವನ ಹಾಗೆ ಕೋಟಿನ ಭುಜ ಸರಿಮಾಡಿಕೊಂಡ. ಈ ಸಲ ಸಾಯುವುದಿಲ್ಲ ಅಂತ ಬಾಯಲ್ಲಿ ಹೇಳಿದ್ದನೇ ಹೊರತು ಅವನಿಗೇ ಅದು ಖಾತ್ರಿಯಿರಲಿಲ್ಲ. ಕೊನೆಯ ದೃಶ್ಯದಲ್ಲಿ ಮಂಚದ ಮೇಲೆ ಮಲಗಿ ಕಣ್ಣು ಮುಚ್ಚಿಕೊಳ್ಳಿ ಅಂದಿದ್ದಳು ಹುಡುಗಿ. ಸಾಯಬೇಕಾ ಅಂತ ಇವನು ಕೇಳಿದ್ದಕ್ಕೆ, ಏನೂ ಮಾಡಬೇಡಿ, ಸುಮ್ಮನೆ ಮಲಗಿ ಅಂದಿದ್ದಳು. ಅಷ್ಟು ವರ್ಷದ ಅನುಭವದಲ್ಲಿ ಇಂಥ ಅಡ್ಡಗೋಡೆ ಮೇಲಿನ ದೀಪವನ್ನು ಅವನು ಕಂಡಿರಲಿಲ್ಲ.

ಅಷ್ಟರಲ್ಲಿ ಬಾಗಿಲು ದೂಡಿಕೊಂಡು ಕೆಳಗಿನ ಮನೆಯ ಕಾಂಪೌಂಡರ್ ಒಳಗೆ ಬಂದ. ಕೆಲಸದಿಂದ ನಿವೃತ್ತನಾಗಿದ್ದರೂ ರಕ್ತದೊತ್ತಡ ನೋಡುವ ಯಂತ್ರವನ್ನು ಕೈಯಿಂದ ಬಿಟ್ಟವನಲ್ಲ. ಮೆಟ್ಟಿಲ ಕಿಟಕಿಯಿಂದ ಸಾಯೋದು, ಹೆಣ, ಹೋಗ್ಬಿಟ್ರು ಅನ್ನುವ ಮಾತುಗಳು ಅವನ ಕಿವಿಗೆ ಬಿದ್ದಿದ್ದವು. ಮಿಕ್ಕಿದ್ದನ್ನು ಅವನೇ ತುಂಬಿಕೊಂಡಿದ್ದ.

ಕಾಂಪೌಂಡರ್: ಅಣ್ಣಾ, ಯಾವಾಗಿಂದ ಇದು?

ಗಂಡ: ಮದುವೆ ಆದಾಗಿಂದ.

ಕಾಂಪೌಂಡರ್: ಅಷ್ಟು ದಿನದಿಂದ ಒಳಗೇ ಇಟ್ಕೊಂಡು ಕೂತಿದೀರಾ? ಯಾರಿಗೂ ತೋರಿಸ್ಲಿಲ್ವಾ?

ಗಂಡ: ಈಗ ತೋರಿಸಿದ್ವಪ್ಪ. ಹೊರದೇಶಕ್ಕೇ ಕಳಿಸಿ ತೋರಿಸಿದ್ವಿ.

ಕಾಂಪೌಂಡರ್: ಏನಂದ್ರು?

ಗಂಡ: ಇಂಥದ್ದು ನಾವು ನೋಡೇ ಇಲ್ಲ ಅಂದ್ರು.

ಕಾಂಪೌಂಡರನ ಮುಖ ಬಿಳಿಚಿಕೊಂಡಿತು. ಕುರ್ಚಿ ಎಳೆದು ಕೂತು, ಕೇಳದೆ ಮಾಡದೆ ಇಂಟರ್‌ವಲ್ಲಣ್ಣನ ಕೋಟಿನ ತೋಳು ಮೇಲೇರಿಸಿ ಪಟ್ಟಿ ಸುತ್ತತೊಡಗಿದ.

ಹೆಂಡತಿ: ಆ ಹುಡುಗಿ ಬರ್ಲಿ. ಸಾಯಿಸ್ತಾಳೋ ಉಳಿಸ್ತಾಳೋ, ಮುಖದ ಮೇಲೆ ಕೇಳೇಬಿಡ್ತೀನಿ.

ಕಾಂಪೌಂಡರ್: ಯಾರು ಅತ್ತಿಗೆ, ಡಾಕ್ಟ್ರಾ?

ಹೆಂಡತಿ: ಡೈರೆಕ್ಟ್ರು.

ಕಾಂಪೌಂಡರ್: ಆಸ್ಪತ್ರೆ ಡೈರೆಕ್ಟ್ರೇ ಮನೆಗೆ ಬರ್ತಾರೆ ಅಂದ್ರೆ ಕೈ ಮೀರಿದೆ ಅಂತಲೇ ಅರ್ಥ.

ಅವನ ಬಾಯಿ ಮುಚ್ಚುವುದಕ್ಕೂ ಹುಡುಗಿ ಮೆಟ್ಟಿಲು ಹತ್ತಿ ಬರುವುದಕ್ಕೂ ಸರಿಹೋಯಿತು. ಕಾರು ಕೆಳಗೆ ನಿಂತಿದೆ, ದಾರಿಗೆ ಅಡ್ಡವಾಗಿ ನಿಂತಿದೆ, ಹಿಂದಿನವರೆಲ್ಲ ಹಾರನ್ ಹೊಡೆಯುತ್ತಿದ್ದಾರೆ, ಬೇಗ ಹೊರಡಬೇಕು ಅಂತ ಒಂದೇ ಉಸಿರಿನಲ್ಲಿ ಹೇಳಿದಳು. ಕಾಂಪೌಂಡರ್ ಎದ್ದು ನಿಂತು ಕೈಕಟ್ಟಿಕೊಂಡ.

ಕಾಂಪೌಂಡರ್: ಮೇಡಂ, ಮುಚ್ಚುಮರೆ ಬೇಡ. ಕಟ್ ಮಾಡ್ಬೇಕಾಗುತ್ತಾ?

ನಿರ್ದೇಶಕಿ: ಕಟ್ ಮಾಡೋದೆಲ್ಲ ಮಾಡಿ ಆಗಿದೆ. ಸರ್‌ದು ಮಾತ್ರ ಒಂದು ಚೂರೂ ಮುಟ್ಟಿಲ್ಲ.

ಕಾಂಪೌಂಡರ್: ಮುಟ್ಟೋ ಸ್ಥಿತಿಲಿ ಇರ್ಲಿಲ್ವಾ?

ನಿರ್ದೇಶಕಿ: ಮುಟ್ಟಿದ್ರೆ ಜೀವಾನೇ ಹೋಗಿಬಿಡೋದು. ಎಲ್ಲರೂ ಅದನ್ನೇ ಹೇಳಿದ್ರು.

ಕಾಂಪೌಂಡರ್ ತನ್ನ ಪಟ್ಟಿ ಬಿಚ್ಚಿ ಮಡಚತೊಡಗಿದ. ಇನ್ನು ನೋಡಿ ಏನು ಪ್ರಯೋಜನ ಅನ್ನುವಂತಿತ್ತು ಅವನ ಮಡಚುವ ಧಾಟಿ. ಇದು ಸಿನಿಮಾದ ಮಾತು ಮಾರಾಯ ಅಂತ ಇಂಟರ್‌ವಲ್ಲಣ್ಣ ಬಿಡಿಸಿ ಹೇಳಬೇಕಾಯಿತು. ಕಾಂಪೌಂಡರಿಗೆ ಸಮಾಧಾನವಾಗುವ ಬದಲು ಕೈಗೆ ಬಂದ ರೋಗಿ ತಪ್ಪಿಹೋದ ಬೇಸರವೇ ಹೆಚ್ಚಾದಂತೆ ಕಂಡಿತು. ಬಿಪಿ ಸ್ವಲ್ಪ ಜಾಸ್ತಿಯೇ ಇದೆ ಅಂತ ಹೇಳಿ, ಮರ್ಯಾದೆ ಉಳಿಸಿಕೊಂಡು, ಕೆಳಗಿಳಿದು ಹೋದ.

ಹೆಂಡತಿ ಮಾತ್ರ ಕೂತಲ್ಲಿಂದ ಕದಲಲಿಲ್ಲ. ಕಾಲು ಇನ್ನೂ ತೊಡೆಯ ಮೇಲೇ ಇತ್ತು.

ಹೆಂಡತಿ: ನೋಡಮ್ಮ, ನೀನು ಓದಿದ ಹುಡುಗಿ, ನಿನ್ನನ್ನ ನಂಬ್ತೀನಿ. ಇವರು ಕೊನೇಲಿ ಸಾಯ್ತಾರಾ?

ನಿರ್ದೇಶಕಿ: ಅಮ್ಮ, ಅದು ಓಪನ್ ಎಂಡಿಂಗ್.

ಹೆಂಡತಿ: ಹಾಗಂದ್ರೆ ಹೌದಾ, ಅಲ್ವಾ?

ನಿರ್ದೇಶಕಿ: ಎರಡೂ ಅಲ್ಲ. ಕೊನೇಲಿ ಸರ್ ಕಣ್ಣು ಮುಚ್ಚಿ ಮಲಗಿರ್ತಾರೆ. ಇದಾರೋ, ಹೋದ್ರೋ, ನಾವು ಹೇಳಲ್ಲ. ಅದನ್ನ ನೋಡೋರಿಗೆ ಬಿಟ್ಟಿದೀವಿ.

ಹೆಂಡತಿ: ನನ್ನ ಗಂಡನ್ನ ನೋಡೋರಿಗೆ ಬಿಟ್ಟಿದೀಯಾ?

ನಿರ್ದೇಶಕಿ: ಅವರವರ ಮನಸ್ಸಿಗೆ ಬಂದ ಹಾಗೆ ಅಂದ್ಕೋಬಹುದು ಅಮ್ಮ.

ಹೆಂಡತಿ: ಟಿಕೆಟ್ ತಗೊಂಡು ಬಂದೋರೆಲ್ಲ ಸೇರಿ, ಇವರು ಇರೋದಾ ಹೋಗೋದಾ ಅಂತ ತೀರ್ಮಾನ ಮಾಡ್ತಾರಾ? ತೆಗೆದೋಳು ನೀನು, ನಿನಗಾದ್ರೂ ಗೊತ್ತಿರ್ಬೇಕಲ್ಲ.

ನಿರ್ದೇಶಕಿ: ಗೊತ್ತಿಲ್ದೆ ಇರೋದೇ ಅದರ ಸೊಗಸು.

ಹೆಂಡತಿ: ಗ್ಯಾಸ್ ಆಫ್ ಮಾಡಿದೀನೋ ಇಲ್ವೋ ಗೊತ್ತಿಲ್ದೆ ಬೀಗ ಹಾಕ್ಕೊಂಡು ಬಂದ್ರೆ ಅದರಲ್ಲಿ ಏನು ಸೊಗಸು?

 ಹೊರದೇಶದ ಪಂಡಿತರು ಎಷ್ಟೋ ಪ್ರಶ್ನೆ ಕೇಳಿದ್ದರು, ಗ್ಯಾಸಿನ ಪ್ರಶ್ನೆ ಯಾರೂ ಕೇಳಿರಲಿಲ್ಲ. ಕೆಳಗಿನಿಂದ ಹಾರನ್ ಸದ್ದು ಹೆಚ್ಚಾಯಿತು. ಇಂಟರ್‌ವಲ್ಲಣ್ಣನ ತಾಳ್ಮೆ ಹರಿಯಿತು. ಸಿಟ್ಟಿನಲ್ಲೇ ಶುರು ಮಾಡಿದ ಮಾತು ಅರ್ಧದಲ್ಲಿ ಬೇರೆ ದಾರಿ ಹಿಡಿಯಿತು.

ಗಂಡ: ಬರಲ್ಲ ಅಂತ ನೆಟ್ಟಗೆ ಹೇಳು ಕಣೇ, ಸುತ್ತಿ ಬಳಸೋದು ಯಾಕೆ? ನನಗೇನು ಗೊತ್ತಿಲ್ವಾ? ನನ್ನ ಪಾತ್ರ ಚಿಲ್ಲರೆ ಅಂತ ನಿನಗೆ ಮೊದಲಿಂದ್ಲೂ ನಾಚಿಕೆ. ಇವತ್ತು ದೊಡ್ಡದು ಸಿಕ್ಕಿದೆ, ಇವತ್ತಾದ್ರೂ ಬರ್ತೀಯ ಅಂದ್ಕೊಂಡೆ.

ಹೆಂಡತಿ: ನಾಚಿಕೆನಾ?

ಗಂಡ: ಮತ್ತೇನು?

ಹೆಂಡತಿ: ಮದುವೆ ಆದ ಹೊಸದರಲ್ಲಿ ಕರ್ಕೊಂಡು ಹೋಗಿದ್ರಲ್ಲ. ನಿಮ್ಮ ಎದೆಗೆ ಗುಂಡು ಬಿತ್ತು. ನಾನು ಕಿರುಚ್ಕೊಂಡೆ. ಇಡೀ ಥಿಯೇಟರ್ ತಿರುಗಿ ನೋಡ್ತು. ಪಕ್ಕದಲ್ಲಿ ನೀವು ಕಡಲೆಕಾಯಿ ಸುಲೀತಾ ನಗ್ತಾ ಇದ್ರಿ. 'ಹೇಗಿತ್ತು?' ಅಂತ ಬೇರೆ ಕೇಳಿದ್ರಿ.

ಗಂಡ: ಚೆನ್ನಾಗಿ ಸತ್ತಿದ್ದೆ, ಅದಕ್ಕೆ ಕೇಳ್ದೆ.

ಹೆಂಡತಿ: ಚೆನ್ನಾಗಿ ಸತ್ತಿದ್ರಿ, ಅದಕ್ಕೇ ಮತ್ತೆ ಬರ್ಲಿಲ್ಲ. ದುಡ್ಡು ಕೊಟ್ಟು ಟಿಕೆಟ್ ತಗೊಂಡು ವಿಧವೆ ಆಗೋ ಕರ್ಮ ನನಗ್ಯಾಕೆ?

 ತನ್ನ ಸಾವಿನ ಬಗ್ಗೆ ಒಳ್ಳೆಯ ಮಾತು ಬೇಕು ಅಂತ ಇಂಟರ್‌ವಲ್ಲಣ್ಣ ನಿರ್ದೇಶಕರ ಮುಖ ನೋಡಿದ್ದ, ಪೇಪರಿನವರ ಮುಖ ನೋಡಿದ್ದ. ನಿಜವಾಗಿ ಮೆಚ್ಚಿದ್ದವಳು ಮನೆಯಲ್ಲಿ ಒಲೆ ಒರೆಸುತ್ತಾ, ತಂಗಿ ಬಾಗಿಲಿಗೆ ಬಂದು ತಲೆ ಅಲ್ಲಾಡಿಸುವುದನ್ನು ಕಾಯುತ್ತಿದ್ದಳು. ಅವನಿಗೆ ಸಂತೋಷವೂ ಆಯಿತು, ಪಾಪಪ್ರಜ್ಞೆಯೂ ಆಯಿತು. ಎರಡೂ ಒಟ್ಟಿಗೇ ಬಂದದ್ದರಿಂದ ಯಾವುದಕ್ಕೆ ಮೊದಲು ಮುಖ ಕೊಡಬೇಕೋ ತಿಳಿಯದೆ ಕೆಮ್ಮಿದ.

ಗಂಡ: ಇವತ್ತು ಬಾ. ಅಲ್ಲಿ ಏನೇ ಆದ್ರೂ ನಾನು ಪಕ್ಕದಲ್ಲೇ ಇರ್ತೀನಿ. ನಗಲ್ಲ.

ಹೆಂಡತಿ: ತಿನ್ನೋ ಹಾಗೂ ಇಲ್ಲ.

ಗಂಡ: ನೀರೂ ಕುಡಿಯಲ್ಲ.

ಹೆಂಡತಿ ಕಾಲುಚೀಲವನ್ನು ಎಳೆದು ಹಾಕಿದಳು. ಆಮೇಲೆ ಎದ್ದು ಹೋಗಿ ಗ್ಯಾಸ್ ಆಫ್ ಆಗಿದೆಯೇ ಅಂತ ಎರಡು ಸಲ ನೋಡಿಕೊಂಡು ಬಂದಳು.

ಚಿತ್ರಮಂದಿರ ಚಿಕ್ಕದು. ಸೀಟುಗಳ ಮೊಳೆ ಸಡಿಲವಾಗಿ, ಒಬ್ಬರು ಒರಗಿದರೆ ಇಡೀ ಸಾಲು ಕಿರ್ ಅನ್ನುತ್ತಿತ್ತು. ಮುಂದಿನ ಸಾಲಿನಲ್ಲಿ ಒಬ್ಬ ವಿಮರ್ಶಕ, ಕತ್ತಲಲ್ಲೂ ಬರೆಯಲು ತುದಿಯಲ್ಲಿ ದೀಪವಿರುವ ಪೆನ್ನು ಹಿಡಿದುಕೊಂಡು ಕೂತಿದ್ದ. ದೀಪ ಆರಿ ತೆರೆಯ ಮೇಲೆ ಇಂಟರ್‌ವಲ್ಲಣ್ಣನ ಸುಕ್ಕುಮುಖ ಗೋಡೆಯಷ್ಟು ದೊಡ್ಡದಾಗಿ ಬಂದಾಗ, ಹೆಂಡತಿ ಒಮ್ಮೆ ಆ ಮುಖ ನೋಡಿ, ಒಮ್ಮೆ ಪಕ್ಕದ ಮುಖ ನೋಡಿ, ಶೇವಿಂಗ್ ಸರಿಯಾಗಿ ಮಾಡಿಕೊಂಡಿಲ್ಲ ಅಂದಳು.  ಯಾವಾಗಲೋ ಒಮ್ಮೆ ಬಗ್ಗಿ ಪಿಸುಗುಟ್ಟಿದಳು.

ಹೆಂಡತಿ: ಇಂಟರ್‌ವಲ್ ಯಾವಾಗ?

ಗಂಡ: ಇದರಲ್ಲಿ ಇಂಟರ್‌ವಲ್ಲೇ ಇಲ್ವಂತೆ.

ಹೆಂಡತಿ: ಮತ್ತೆ ನಿಮ್ಮದು ಯಾವಾಗ?

ವಿಮರ್ಶಕ ತಿರುಗಿ ನೋಡಿದ. ಇಬ್ಬರೂ ಶಾಲೆಯ ಮಕ್ಕಳ ಹಾಗೆ ನೆಟ್ಟಗೆ ಕೂತರು.

ಕೊನೆಯ ದೃಶ್ಯ ಬಂತು. ಲಿಫ್ಟ್ ನಡೆಸುವವನು ಮನೆಗೆ ಬಂದು, ಶೂ ಬಿಚ್ಚಿಟ್ಟು, ಹೊದಿಕೆ ಎಳೆದುಕೊಂಡು ಮಲಗಿದ. ಕಣ್ಣು ಮುಚ್ಚಿತು. ಕ್ಯಾಮೆರಾ ಅಲ್ಲಾಡಲಿಲ್ಲ, ಅವನೂ ಅಲ್ಲಾಡಲಿಲ್ಲ. ಸಂಗೀತವಿಲ್ಲ, ಸದ್ದಿಲ್ಲ. ಕತ್ತಲಲ್ಲಿ ಹೆಂಡತಿಯ ಕೈ ಬಂದು ಇಂಟರ್‌ವಲ್ಲಣ್ಣನ ಮಣಿಕಟ್ಟನ್ನು ಹಿಡಿಯಿತು. ಕಾಂಪೌಂಡರಿಗಿಂತ ಬಿಗಿಯಾಗಿ ಹಿಡಿಯಿತು. ಅವಳು ನಾಡಿ ನೋಡುತ್ತಿದ್ದಾಳೆ ಅಂತ ಅವನಿಗೆ ಗೊತ್ತಾಯಿತು. ಅವಳ ಎಣಿಕೆ ಎಲ್ಲಿ ತಪ್ಪೀತೋ ಅಂತ ಅವನು ಕೈ ಅಲ್ಲಾಡಿಸದೆ ಕೂತ. ಸುತ್ತ ಯಾರೋ ಮೂಗು ಒರೆಸಿಕೊಂಡರು. ಇನ್ಯಾರೋ ಬಿಕ್ಕಿದರು. ತೆರೆಯ ಮೇಲೆ ಹೊದಿಕೆಯ ತುದಿಯಲ್ಲಿ ಕಾಲಿನ ಹೆಬ್ಬೆರಳೊಂದು ಮೆಲ್ಲಗೆ ಅಲ್ಲಾಡಿತು.

ಆ ನಿಶ್ಶಬ್ದದಲ್ಲಿ ಅವನ ಹೆಂಡತಿ ಕಿಸಕ್ಕನೆ ನಕ್ಕಳು.

ಬಾಯಿಗೆ ಕೈ ಅಡ್ಡ ಹಿಡಿದರೂ ನಗು ನಿಲ್ಲಲಿಲ್ಲ. ಇಡೀ ಸಾಲು ಕಿರ್ ಕಿರ್ ಅಂದಿತು. ದೀಪ ಹತ್ತಿದಾಗ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಇಂಟರ್‌ವಲ್ಲಣ್ಣನಿಗೆ ಮಾತ್ರ ಆ ಚಪ್ಪಾಳೆ ಕಿವಿಗೆ ಹೋಗಲಿಲ್ಲ, ನೆಲ ಬಾಯಿಬಿಟ್ಟರೆ ಇಳಿದುಬಿಡುವಂತಾಗಿತ್ತು. ನಿರ್ದೇಶಕಿ ಓಡಿಬಂದಳು. ಅವಳಿಗೂ ಮುಂಚೆ ವಿಮರ್ಶಕ ಕಣ್ಣೊರೆಸಿಕೊಳ್ಳುತ್ತಾ ಎದುರಿಗೆ ನಿಂತಿದ್ದ.

ವಿಮರ್ಶಕ: ತಾಯಿ, ಒಂದು ಜೀವ ಹೋಗ್ತಾ ಇದೆ, ನೀವು ನಗ್ತೀರಲ್ಲ.

ಹೆಂಡತಿ: ಯಾರ ಜೀವ ಹೋಯ್ತು?

ವಿಮರ್ಶಕ: ಲಿಫ್ಟ್ ಮುದುಕಂದು.

ಹೆಂಡತಿ: ಹೋಗಿಲ್ಲ.

ವಿಮರ್ಶಕ: ನಿಮ್ಮ ದುಃಖ ನನಗೆ ಅರ್ಥ ಆಗುತ್ತೆ. ಹತ್ತಿರದವರಿಗೆ ಒಪ್ಕೊಳ್ಳೋದು ಕಷ್ಟ.

ಹೆಂಡತಿ: ನನ್ನ ಪಕ್ಕದಲ್ಲೇ ನಿಂತಿದಾರಲ್ರೀ. ಏನು ಒಪ್ಕೊಳ್ಳಿ?

ವಿಮರ್ಶಕ: ನಾನು ಹೇಳಿದ್ದು ಪಾತ್ರದ ಸಾವು. ಕೊನೇಲಿ ಕಾಲಿನ ಹೆಬ್ಬೆರಳು ಮೆಲ್ಲಗೆ ಅಲ್ಲಾಡಿತಲ್ಲ, ಅಬ್ಬಾ, ಅದು ಬದುಕಿನ ಕೊನೆಯ ಎಳೆಯನ್ನ ಹಿಡಿಯೋ ಪ್ರಯತ್ನ.

ಹೆಂಡತಿ: ಅದು ಹೊದಿಕೆ ಅಂಚು ಹಿಡಿಯೋ ಪ್ರಯತ್ನ. ನಿದ್ದೆ ಹತ್ತಿದ ಮೇಲೆ ಇವರು ಹೆಬ್ಬೆರಳಲ್ಲಿ ಅಂಚು ಹುಡುಕಿ ಇಡೀ ಹೊದಿಕೆ ತಮ್ಮ ಕಡೆ ಎಳ್ಕೋತಾರೆ. ನಾನು ದಿನಾ ಚಳೀಲಿ ಮಲಗ್ತೀನಿ, ನನಗೆ ಗೊತ್ತಿಲ್ವಾ? ಇವರು ಸತ್ತಿಲ್ಲ, ನಟನೇನೂ ಮಾಡ್ತಿಲ್ಲ. ನಿದ್ದೆ ಹೊಡೀತಿದಾರೆ.

ಗಂಡ: ಅದು ನಟನೆ.

ಹೆಂಡತಿ: ಕೆಳತುಟಿ ಎಡಕ್ಕೆ ಜಾರಿತ್ತು.

ಗಂಡ: ಅದೂ ನಟನೆ. ನಿಜವಾಗಿ ನಿದ್ದೆ ಬಂದಿದ್ರೆ ಗೊರಕೆ ಇರ್ತಿರ್ಲಿಲ್ವಾ? ಗೊರಕೆ ಕೇಳಿಸ್ತಾ?

ಮೂವರೂ ನಿರ್ದೇಶಕಿಯ ಕಡೆ ನೋಡಿದರು. ಅವಳು ತನ್ನ ಕ್ಯಾನ್ವಾಸ್ ಶೂಗಳ ಕಡೆ ನೋಡಿದಳು.

ನಿರ್ದೇಶಕಿ: ಗೊರಕೆ ಇತ್ತು ಸರ್. ಸೌಂಡಲ್ಲಿ ತೆಗೆದ್ವಿ.

ಇನ್ನು ಮುಚ್ಚಿಟ್ಟು ಫಲವಿರಲಿಲ್ಲ. ಆವತ್ತು ಕೋಳಿ ಕೂಗುವ ಮೊದಲೇ ಶೂಟಿಂಗ್ ಶುರುವಾಗಿತ್ತು, ಕಟ್ ಅಂತ ಕೂಗಿದರೂ ಸರ್ ಏಳಲಿಲ್ಲ, ಎಬ್ಬಿಸಲು ಯಾರಿಗೂ ಮನಸ್ಸಾಗಲಿಲ್ಲ, ಆ ಶಾಂತವಾದ ಮುಖ ನೋಡಿ ಕ್ಯಾಮೆರಾ ನಿಲ್ಲಿಸಲೂ ಮನಸ್ಸಾಗಲಿಲ್ಲ ಅಂತ ನಿರ್ದೇಶಕಿ ತಪ್ಪೊಪ್ಪಿಕೊಂಡಳು. ಇಂಟರ್‌ವಲ್ಲಣ್ಣ ತನ್ನ ಪರವಾಗಿ ವಾದಿಸಲು ನೋಡಿದ. ಜನ್ಮವಿಡೀ ಜಲ್ಲಿಯ ಮೇಲೆ, ಕೆಸರಿನಲ್ಲಿ, ಮೆಟ್ಟಿಲ ಮೇಲೆ ಬಿದ್ದು ಸತ್ತವನಿಗೆ ಮೊದಲ ಸಲ ಹಾಸಿಗೆ ಕೊಟ್ಟರೆ ಇನ್ನೇನಾದೀತು ಅಂದ. ವಾದ ನ್ಯಾಯವಾಗಿಯೇ ಇತ್ತು. ವಿಮರ್ಶಕ ಮಾತ್ರ ಬಡಪೆಟ್ಟಿಗೆ ಬಗ್ಗುವವನಾಗಿರಲಿಲ್ಲ. ಯಾರು ಏನೇ ಹೇಳಲಿ, ತನ್ನ ಪ್ರಕಾರ ಮುದುಕ ಸತ್ತ, ಹಾಗಂತ ಕತ್ತಲಲ್ಲೇ ಬರೆದದ್ದರ ಫೋಟೋ ತೆಗೆದು ಫೋನಿನಲ್ಲಿ ಪೇಪರಿಗೆ ಕಳಿಸಿಯೂ ಆಗಿದೆ ಅಂತ ಹೇಳಿ, ಇಂಟರ್‌ವಲ್ಲಣ್ಣನ ಕೈಕುಲುಕಿ, ಹೆಂಡತಿಗೆ ಇನ್ನೊಮ್ಮೆ ಸಾಂತ್ವನ ಹೇಳಿ ಹೊರಟುಹೋದ.

ಜನ ಚದುರಿದ ಮೇಲೆ ಇಂಟರ್‌ವಲ್ಲಣ್ಣ ಸೀಟಿನ ಅಂಚಿನಲ್ಲಿ ಕೂತ. ಅವನ ಮುಖ ಹುಳ್ಳಗಾಗಿತ್ತು.

ಗಂಡ: ಅಷ್ಟು ವರ್ಷ ಮೈಮೂಳೆ ಮುರ್ಕೊಂಡು ಸತ್ತೆ, ಯಾರೂ ತಿರುಗಿ ನೋಡ್ಲಿಲ್ಲ. ಒಂದಿನ ನಿದ್ದೆ ಮಾಡಿದ್ದಕ್ಕೆ ಪ್ರಶಸ್ತಿ ಕೊಟ್ರು.

ಹೆಂಡತಿ: ನಿದ್ದೆಗೆ ಯಾರು ಪ್ರಶಸ್ತಿ ಕೊಡ್ತಾರೆ? ಹಾಗಿದ್ರೆ ನಮ್ಮ ಮನೇಲಿ ಇಡೋಕೆ ಜಾಗ ಇರ್ತಿರ್ಲಿಲ್ಲ. ಆ ನಿಂತ ಲಿಫ್ಟೊಳಗೆ ಕೂತ್ಕೊಂಡು, ಯಾರೂ ಇಲ್ದೆ ಇದ್ರೂ 'ಯಾವ ಮಹಡಿ?' ಅಂತ ಕೇಳಿದ್ರಲ್ಲ, ಆಗ ನನ್ನ ಕಡೆ ನೋಡಿದ್ರಾ?

ಗಂಡ: ಇಲ್ಲ. ಆ ವಿಮರ್ಶಕ ಮತ್ತೆ ತಿರುಗ್ತಾನೇನೋ ಅಂತ ನೆಟ್ಟಗೆ ಕೂತಿದ್ದೆ.

ಹೆಂಡತಿ: ನೋಡ್ಬೇಕಿತ್ತು. ಅಳ್ತಾ ಇದ್ದೆ. ಸಾಯದೇನೂ ಅಳಿಸೋಕೆ ಬರುತ್ತೆ ನಿಮಗೆ ಅಂತ ಮೊದಲೇ ಯಾಕೆ ಯಾರಿಗೂ ಹೇಳ್ಲಿಲ್ಲ?

ಗಂಡ: ಯಾರೂ ಕೇಳ್ಲಿಲ್ಲ ಕಣೇ.

 ಹೊರದೇಶದ ಪಂಡಿತರೆಲ್ಲ ಸೇರಿ ಕೊಟ್ಟ ಗಾಜಿನ ತುಂಡು ಕೊಡಲಾಗದ್ದನ್ನು ಈ ಹೆಂಗಸು ಕಿರ್ ಅನ್ನುವ ಸೀಟಿನಲ್ಲಿ ಕೂತು ಕೊಟ್ಟುಬಿಟ್ಟಿದ್ದಳು. ಅವನಿಗೆ ತುಂಬ ಸಂತೋಷವಾಯಿತು, ಅದನ್ನು ಮುಚ್ಚಿಡಲು ಹೋಗಿ ಮಂಡಿ ನೀವಿಕೊಂಡ.

ಇದೇ ಸುಸಮಯ ಅಂತ ನಿರ್ದೇಶಕಿ ಪಕ್ಕಕ್ಕೆ ಬಂದು ಕೂತಳು. ಮುಂದಿನ ಸಿನಿಮಾಕ್ಕೆ ಕಥೆ ಸಿದ್ಧವಾಗಿದೆ, ಅದಕ್ಕೂ ಸರ್ ಅವರೇ ನಾಯಕ, ಆರಂಭದಿಂದ ಕೊನೆಯ ತನಕ ಅವರಿಲ್ಲದ ದೃಶ್ಯವೇ ಇಲ್ಲ, ಈ ಸಲ ಗೊಂದಲವೂ ಇಲ್ಲ, ಸರ್ ಖಂಡಿತ ಬದುಕಿರುತ್ತಾರೆ ಅಂದಳು. ಹೆಂಡತಿಯ ಮುಖ ಅರಳಿತು. ಹಾಗಾದರೆ ನಾನೂ ಬರುತ್ತೇನೆ, ತಂಗಿಯನ್ನೂ ಕರೆತರುತ್ತೇನೆ, ಅವಳೂ ಒಮ್ಮೆ ನೆಮ್ಮದಿಯಿಂದ ನೋಡಲಿ ಅಂದಳು. ಇಂಟರ್‌ವಲ್ಲಣ್ಣ ಕಥೆ ಏನು ಅಂತ ಕೇಳಿದ.

ನಿರ್ದೇಶಕಿ: ಒಬ್ಬ ಮುದುಕ, ಅವನ ಹೆಂಡತಿ. ಮೊದಲನೇ ದೃಶ್ಯದಲ್ಲೇ ಹೆಂಡತಿ ತೀರ್ಕೋತಾಳೆ. ಆಮೇಲೆ ಪೂರ್ತಿ ನಿಮ್ಮದೇ ಸರ್. ಇಂಥ ಪಾತ್ರ ಯಾರಿಗೂ ಸಿಗಲ್ಲ.

ಇಂಟರ್‌ವಲ್ಲಣ್ಣ ಹೆಂಡತಿಯ ಕಡೆ ನೋಡಿದ. ಅವಳು ಕನ್ನಡಕ ಒರೆಸಿಕೊಳ್ಳುತ್ತಿದ್ದಳು.

ಗಂಡ: ಆಗಲ್ಲಮ್ಮ.

ಹೆಂಡತಿ: ಯಾಕ್ರೀ ಆಗಲ್ಲ? ಅಷ್ಟು ದೊಡ್ಡ ಪಾತ್ರ. ಒಪ್ಕೊಳ್ಳಿ, ನಾನೇನು ಬೇಜಾರ್ ಮಾಡ್ಕೊಳ್ಳಲ್ಲ. ಯಾರೋ ನಟಿ ಸಾಯ್ತಾಳೆ, ನಾನಲ್ವಲ್ಲ.

ಗಂಡ: ನೀನು ಸುಮ್ನಿರು. ಅಮ್ಮಾ, ಆ ಹೆಂಡ್ತಿನ ಬದುಕಿಸಿಬಿಡು. ಸಾಯೋದು ನಾನು ನೋಡ್ಕೋತೀನಿ, ನನಗೆ ಅಭ್ಯಾಸ ಇದೆ.